ಮೂವರು ಮಂಗರಾಜರು, ನಾಲ್ವರು ನರಸಿಂಹಾಚಾರ್‌ಗಳು: ಒಂದೇ ಹೆಸರಿನ ಲೇಖಕರನ್ನು ಕ್ಯಾಟಲಾಗಿನಲ್ಲಿ ಬೇರ್ಪಡಿಸುವುದು ಹೇಗೆ?

ಕಪಾಟು_ಸೂಚಿ
ಒಂದು ಟ್ರಸ್ಟ್ ಗ್ರಂಥಾಲಯದ ಕನ್ನಡ ಪುಸ್ತಕಗಳನ್ನು ಎಕ್ಸೆಲ್ ಪಟ್ಟಿಯಿಂದ ಕೋಹಾ ಎಂಬ ಗ್ರಂಥಾಲಯ ತಂತ್ರಾಂಶಕ್ಕೆ ಏರಿಸುವ ಕೆಲಸ ನಡೆದಿದೆ. ಲೇಖಕರ ಕಾಲಂನಲ್ಲಿ ಬರೀ ಹೆಸರಿದೆ. ‘ಮಂಗರಾಜ’ ಎಂದು ಹುಡುಕಿದರೆ ವಿಷವೈದ್ಯ, ನಿಘಂಟು, ಅಡುಗೆ, ಜೈನಕಾವ್ಯ ಎಲ್ಲವೂ ಒಬ್ಬನ ಖಾತೆಯಲ್ಲಿ ಬರುತ್ತವೆ. ‘ನರಸಿಂಹಾಚಾರ್’ ಎಂದರೆ ಕವಿಚರಿತೆ, ಗ್ರಂಥ ಸಂಪಾದನೆ, ಗೀತನಾಟಕ ಒಟ್ಟಿಗೆ. ಲಕ್ಷ್ಮಣರಾವ್, ಚಂದ್ರಶೇಖರ್, ಶ್ರೀಕಂಠಯ್ಯ ಇವರ ಕಥೆಯೂ ಇದೇ. ಸರಿಪಡಿಸುವುದನ್ನು ಎಲ್ಲಿಂದ ಶುರು ಮಾಡಬೇಕು? ಅಥಾರಿಟಿ ರೆಕಾರ್ಡ್ (ಒಬ್ಬ ಲೇಖಕರ ಮುಖ್ಯ ಹೆಸರು, ಅದರ ಬೇರೆ ರೂಪಗಳು, ಗುರುತುಗಳನ್ನು ಒಂದೆಡೆ ಇಡುವ ದಾಖಲೆ) ಹೇಗಿರಬೇಕು?

ಷಟ್ಪದಿ
ಮೊದಲು ಮಂಗರಾಜರನ್ನು ಬಿಡಿಸೋಣ.

‘ಖಗೇಂದ್ರಮಣಿದರ್ಪಣ’ ಬರೆದವನು ಸು. 1360ರವನು. ಅದು ವಿಷ ಮತ್ತು ವಿಷಚಿಕಿತ್ಸೆಯ ಗ್ರಂಥ. ‘ಮಂಗರಾಜ ನಿಘಂಟು’ ಬರೆದವನು 1398ರ ಅಭಿನವ ಮಂಗರಾಜ. ‘ಸಮ್ಯಕ್ತ್ವ ಕೌಮುದಿ’, ‘ಜಯನೃಪ ಕಾವ್ಯ’, ‘ನೇಮಿಜಿನೇಶ ಸಂಗತಿ’ ಬರೆದವನು ಮೂರನೆಯವನು. ಸಮ್ಯಕ್ತ್ವ ಕೌಮುದಿಯ ಕಾಲ 1508. ಈತನನ್ನು ಹೆಚ್ಚಾಗಿ ‘ಮಂಗರಸ’ ಎಂದೇ ಕರೆಯುತ್ತಾರೆ. ಅಡುಗೆಯ ‘ಸೂಪಶಾಸ್ತ್ರ’ವೂ ಈತನದೇ.

‘ಅಭಿನವ’ ಎಂಬ ಮಾತು ಕಂಡರೆ ಒಂದು ಕ್ಷಣ ನಿಲ್ಲಿ. ‘ಆ ಹಳಬನಲ್ಲ, ಅವನ ಹೆಸರಿನ ಹೊಸಬ’ ಎಂದು ಕವಿಯೇ ಕೊಟ್ಟ ಸುಳಿವು ಅದು. ಆದರೆ ಅಭಿನವ ಪಂಪನ ವಿಷಯ ಬೇರೆ. ಅವನ ನಿಜವಾದ ಹೆಸರು ನಾಗಚಂದ್ರ, ‘ಅಭಿನವ ಪಂಪ’ ಬಿರುದು. ಅವನನ್ನು ಪಂಪನ ಕೆಳಗೆ ಹಾಕಬಾರದು. ‘ನಾಗಚಂದ್ರ’ ಎಂಬ ನಮೂದಿಗೆ ‘ಅಭಿನವ ಪಂಪ’ ನೋಡು-ಸೂಚನೆಯಾಗಿ (ಆ ಹೆಸರಲ್ಲಿ ಹುಡುಕಿದವರನ್ನು ಮುಖ್ಯ ನಮೂದಿಗೆ ಕಳಿಸುವ ಸೂಚನೆ) ಬರಬೇಕು. ಕುಮಾರವ್ಯಾಸ, ಕುಮಾರವಾಲ್ಮೀಕಿ ಎಂಬ ಹೆಸರುಗಳನ್ನಂತೂ ವ್ಯಾಸ, ವಾಲ್ಮೀಕಿಯರ ಹತ್ತಿರವೂ ಸುಳಿಯಗೊಡಬೇಡಿ. ಕಂಪ್ಯೂಟರು ಹೆಸರಿನ ತುಣುಕನ್ನು ಹೊಂದಿಸಿ ಜೋಡಿಸುತ್ತದೆ, ಅದಕ್ಕೆ ಅರ್ಥ ಗೊತ್ತಿಲ್ಲ.

ಓದುಪ್ರಿಯ
ಇಷ್ಟೆಲ್ಲ ಯಾಕೆ? ವಿಷಯ ನೋಡಿ ಬೇರೆ ಮಾಡಿದರೆ ಆಯ್ತಲ್ಲ. ವೈದ್ಯದವನು ಒಬ್ಬ, ಕಾವ್ಯದವನು ಒಬ್ಬ, ನಿಘಂಟಿನವನು ಒಬ್ಬ.

ಸೂಚೀಕಾರ
ವಿಷಯ ನೋಡಿ ಬೇರ್ಪಡಿಸಲು ಹೊರಟರೆ ಮೂರನೇ ಮಂಗರಸನೇ ಎರಡು ಹೋಳಾಗುತ್ತಾನೆ: ಅಡುಗೆಯ ಮಂಗರಸ, ಕಾವ್ಯದ ಮಂಗರಸ. ಇಬ್ಬರೂ ಒಬ್ಬನೇ. ಅದೇ ಹೊತ್ತಿಗೆ ‘ಔಷಧಿ-ಪಥ್ಯ-ಆಹಾರ ಒಂದೇ ಗುಂಪು’ ಎಂದು ಯಾರಾದರೂ ಖಗೇಂದ್ರಮಣಿದರ್ಪಣವನ್ನೂ ಸೂಪಶಾಸ್ತ್ರವನ್ನೂ ಒಟ್ಟಿಗೆ ಇಟ್ಟರೆ, ಸುಮಾರು ಒಂದೂವರೆ ಶತಮಾನ ಅಂತರದ ಇಬ್ಬರು ಒಬ್ಬರಾಗುತ್ತಾರೆ.

ಹತ್ತಿರದ ಕಾಲಕ್ಕೆ ಬಂದರೆ ಇದು ಇನ್ನೂ ಸ್ಪಷ್ಟ. ಅಂಗಸಾಧನೆಯ ಮೇಲೆ ಇಂಗ್ಲಿಷಿನಲ್ಲಿ ‘ಮಸಲ್ ಕಲ್ಟ್’ ಬರೆದ ಕೆ. ವಿ. ಅಯ್ಯರ್ ಅವರೇ ‘ಶಾಂತಲಾ’, ‘ರೂಪದರ್ಶಿ’ ಬರೆದವರು. ವಿಷಯ ನೋಡುವ ಕ್ಯಾಟಲಾಗರ್‌ಗೆ ಇಬ್ಬರು ಅಯ್ಯರ್ ಸಿಗುತ್ತಾರೆ. ‘ತಾಯಿ ಮಗು’ ಬರೆದ ಡಾಕ್ಟರು ಮತ್ತು ‘ಮಾಧವಿ’ ಬರೆದ ಕಾದಂಬರಿಕಾರ್ತಿ ಇಬ್ಬರೂ ಅನುಪಮಾ ನಿರಂಜನ. ‘ಚೋಮನ ದುಡಿ’, ‘ಬಾಲ ಪ್ರಪಂಚ’, ‘ವಿಜ್ಞಾನ ಪ್ರಪಂಚ’, ಯಕ್ಷಗಾನದ ಸಂಶೋಧನೆ ಎಲ್ಲ ಒಬ್ಬ ಶಿವರಾಮ ಕಾರಂತರವು. ಬಿ.ಜಿ.ಎಲ್. ಸ್ವಾಮಿ ಸಸ್ಯಶಾಸ್ತ್ರವನ್ನೂ ಬರೆದರು, ಸಾಹಿತ್ಯ ಚರಿತ್ರೆಯ ಜಗಳವನ್ನೂ ಆಡಿದರು.

ವಿಷಯ ಬೇರೆ ಎನ್ನುವುದು ವ್ಯಕ್ತಿ ಬೇರೆ ಎಂಬುದಕ್ಕೆ ಸಾಕ್ಷಿಯಲ್ಲ, ಅನುಮಾನಕ್ಕೆ ಕಾರಣ ಅಷ್ಟೇ. ವಿಷಯ ಒಂದೇ ಆದರೂ ಹಾಗೆಯೇ. ಸಾಕ್ಷಿಯನ್ನು ಪುಸ್ತಕದೊಳಗೇ ಹುಡುಕಬೇಕು.

ಓದುಪ್ರಿಯ
ಪುಸ್ತಕದೊಳಗೆ ಎಂದರೆ ಎಲ್ಲಿ?

ಸೂಚೀಕಾರ
ಹೊಸ ಪುಸ್ತಕವಾದರೆ ಈ ಜಾಗಗಳನ್ನು ನೋಡಿ:

ಮುನ್ನುಡಿ ಅಥವಾ ಅರಿಕೆಯ ಕೊನೆಯಲ್ಲಿನ ಸಹಿ, ಊರು, ತಾರೀಖು. ‘ಲೇಖಕರ ಇತರ ಕೃತಿಗಳು’ ಪಟ್ಟಿ. ಇಬ್ಬರನ್ನು ಒಬ್ಬರೆಂದು ಖಾತ್ರಿ ಮಾಡಲು ಇದಕ್ಕಿಂತ ಒಳ್ಳೆಯದು ಇನ್ನೊಂದಿಲ್ಲ. ಹಿಂಬದಿ ರಕ್ಷಾಪುಟದ ಪರಿಚಯ. ಹಕ್ಕುಗಳ ಪುಟದಲ್ಲಿ ‘©’ ಮುಂದಿನ ಹೆಸರು. ಎಷ್ಟೋ ಸಲ ಮುಖಪುಟದಲ್ಲಿ ಕಾವ್ಯನಾಮ, ಹಕ್ಕುಗಳ ಪುಟದಲ್ಲಿ ಪೂರ್ತಿ ಹೆಸರು ಇರುತ್ತದೆ. ಲೇಖಕರು ತೀರಿಕೊಂಡಿದ್ದರೆ ಅಲ್ಲಿ ಹೆಂಡತಿಯದೋ ಮಕ್ಕಳದೋ ಹೆಸರಿರುತ್ತದೆ. ಅದನ್ನು ಲೇಖಕರೆಂದು ನಮೂದಿಸಿರುವ ಪಟ್ಟಿಗಳೂ ಇವೆ!

ಪ್ರಕಾಶಕರ ಬೆನ್ನುಬರಹವನ್ನು ಕಣ್ಣುಮುಚ್ಚಿ ನಂಬಬೇಡಿ. ಮರುಮುದ್ರಣದಲ್ಲಿ ಬೇರೆಯವರ ಪರಿಚಯ ಅಂಟಿಕೊಳ್ಳುವುದುಂಟು. ಹಳೆಯ ಮುದ್ರಣದ ಮುನ್ನುಡಿಗೇ ಹೆಚ್ಚು ತೂಕ.

ಓಲೆಗರಿ
ಪ್ರಾಚೀನ ಗ್ರಂಥಗಳಿಗೆ ನೋಡಬೇಕಾದ ಜಾಗಗಳು ಬೇರೆ. ಆಶ್ವಾಸದ ಕೊನೆಯ ಗದ್ಯ, ಅಲ್ಲಿನ ಬಿರುದುಗಳು, ಗುರುಪರಂಪರೆ, ಆಶ್ರಯದಾತನ ಹೆಸರು, ಪೂರ್ವಕವಿ ಸ್ಮರಣೆ. ಕವಿ ಯಾರನ್ನು ನೆನೆಯುತ್ತಾನೋ ಅವರಿಗಿಂತ ಈಚಿನವನು. ಅವನನ್ನು ಯಾರು ನೆನೆಯುತ್ತಾರೋ ಅಥವಾ ಯಾರು ಅವನ ಪದ್ಯವನ್ನು ಉದಾಹರಿಸುತ್ತಾರೋ ಅವರಿಗಿಂತ ಹಿಂದಿನವನು. ಮಲ್ಲಿಕಾರ್ಜುನನ ‘ಸೂಕ್ತಿಸುಧಾರ್ಣವ’, ಕೇಶಿರಾಜನ ‘ಶಬ್ದಮಣಿದರ್ಪಣ’ ಕೆಳಮಿತಿ ಹಾಕಲು ಬಹಳ ಉಪಯೋಗಕ್ಕೆ ಬಂದಿರುವುದು ಹೀಗೆಯೇ.

ಆದರೆ ಷಟ್ಪದಿ ಅವರೇ, ‘ಒಂದನೆಯ, ಎರಡನೆಯ’ ಎಂಬ ಅಂಕಿಯನ್ನು ಅಥಾರಿಟಿ ರೆಕಾರ್ಡಿನ ಹೆಸರಿನೊಳಗೆ ಸೇರಿಸಬೇಡಿ. ಅದು ಕವಿಯ ಹೆಸರಲ್ಲ, ಸಾಹಿತ್ಯ ಚರಿತ್ರೆಕಾರರು ಕೊಟ್ಟ ಕ್ರಮಸಂಖ್ಯೆ.

ಷಟ್ಪದಿ
ಓದುಗರು ಹುಡುಕುವುದೇ ‘ಎರಡನೆಯ ನಾಗವರ್ಮ’ ಎಂದು. ಪಠ್ಯಪುಸ್ತಕ, ಪ್ರಶ್ನೆಪತ್ರಿಕೆ ಎಲ್ಲದರಲ್ಲೂ ಹಾಗೇ ಇದೆ. ತೆಗೆದರೆ ಯಾರಿಗೆ ಸಿಗುತ್ತದೆ?

ಓಲೆಗರಿ
ತೆಗೆಯಬೇಕಾಗಿಲ್ಲ, ನೋಡು-ಸೂಚನೆಯಲ್ಲಿ ಇಡಿ. ಮುಖ್ಯ ನಮೂದಿನಲ್ಲಿ ಬೇಡ ಎನ್ನುವುದಕ್ಕೆ ನಾಗವರ್ಮನೇ ಸರಿಯಾದ ಉದಾಹರಣೆ.

‘ಛಂದೋಂಬುಧಿ’ ಛಂದಸ್ಸಿನ ಗ್ರಂಥ, ‘ಕರ್ಣಾಟಕ ಕಾದಂಬರಿ’ ಚಂಪೂಕಾವ್ಯ. ಎರಡೂ ಹತ್ತನೇ ಶತಮಾನದ ಕೊನೆಯ ಒಂದನೆಯ ನಾಗವರ್ಮನವು ಎಂದು ಬರೆಯುವುದು ರೂಢಿ. ಎರಡೂ ಒಬ್ಬನವೇ ಎಂಬುದನ್ನು ಪ್ರಶ್ನಿಸಿದವರೂ ಇದ್ದಾರೆ. ‘ಕಾವ್ಯಾವಲೋಕನ’ ಅಲಂಕಾರಶಾಸ್ತ್ರ, ‘ಕರ್ಣಾಟಕ ಭಾಷಾಭೂಷಣ’ ಸಂಸ್ಕೃತ ಸೂತ್ರಗಳಲ್ಲಿರುವ ಕನ್ನಡ ವ್ಯಾಕರಣ, ‘ವಸ್ತುಕೋಶ’ ಸಂಸ್ಕೃತ-ಕನ್ನಡ ಕೋಶ. ಇವು ಎರಡನೆಯವನವು. ಈ ಎರಡನೆಯವನು ಜಗದೇಕಮಲ್ಲನೆಂಬ ಚಾಲುಕ್ಯ ದೊರೆಯ ಬಳಿ ಕಟಕೋಪಾಧ್ಯಾಯ ಎಂಬ ಹುದ್ದೆಯಲ್ಲಿದ್ದ. ಯಾವ ಜಗದೇಕಮಲ್ಲ? ಹನ್ನೆರಡನೇ ಶತಮಾನದ ಎರಡನೆಯ ಜಗದೇಕಮಲ್ಲನೆಂದು ಮೊದಲು ಎಣಿಸಿದ್ದರು. ಆಮೇಲೆ 1042ರ ‘ವರ್ಧಮಾನ ಪುರಾಣ’ ಬೆಳಕಿಗೆ ಬಂತು. ಅದೂ ಈತನದೇ ಎನ್ನುವವರು ಆ ದೊರೆ ಜಗದೇಕಮಲ್ಲ ಎಂಬ ಬಿರುದಿದ್ದ ಎರಡನೆಯ ಜಯಸಿಂಹ ಎಂದರು. ಕವಿ ಒಂದೇ ಸಲಕ್ಕೆ ನೂರು ವರ್ಷ ಹಿಂದಕ್ಕೆ ಹೋದ. ಲೇಖಕರ ಹೆಸರು ಒಂದೇ ಆಗಿದ್ದು ಮೊದಲ ತೊಡಕು, ದೊರೆಗಳ ಹೆಸರೂ ಒಂದೇ ಆಗಿದ್ದು ಎರಡನೆಯದು.

ನಾಳೆ ಇನ್ನೊಬ್ಬ ವಿದ್ವಾಂಸರು ವರ್ಧಮಾನ ಪುರಾಣದವನು ಬೇರೆಯೇ ಎಂದು ಸಾಧಿಸಿದರೆ ಅವನಿಗೆ ಅಂಕಿ ಎಷ್ಟು? ಕಾಲಕ್ರಮದಲ್ಲಿ ಅವನೇ ಎರಡನೆಯವನಾಗುತ್ತಾನೆ, ಈಗಿನ ಎರಡನೆಯವನು ಮೂರಕ್ಕೆ ಜಾರುತ್ತಾನೆ. ನಿಮ್ಮ ಹಳೆಯ ನಮೂದುಗಳೆಲ್ಲ ತಪ್ಪು ಮನುಷ್ಯನನ್ನು ತೋರಿಸತೊಡಗುತ್ತವೆ. ಹೆಸರಿನ ಮುಂದೆ ಕಾಲವೋ ಮುಖ್ಯ ಕೃತಿಯೋ ಇದ್ದರೆ ತಿದ್ದುವುದು ಒಂದೇ ರೆಕಾರ್ಡಿನಲ್ಲಿ. ‘ನಾಗವರ್ಮ (ಕಾವ್ಯಾವಲೋಕನದ ಕರ್ತೃ)’ ಎಂಬುದು ಯಾವ ವಾದ ಗೆದ್ದರೂ ನಿಜವೇ.

ಸೂಚೀಕಾರ
ಒಪ್ಪುತ್ತೇನೆ. ಕಾಲ ಖಚಿತವಿದ್ದರೆ ಕಾಲ, ವಾದದಲ್ಲಿದ್ದರೆ ಕೃತಿ. ಮಂಗರಾಜರಿಗೆ ಕಾಲ ಸಾಕು, ನಾಗವರ್ಮರಿಗೆ ಕೃತಿಯೇ ಸುರಕ್ಷಿತ.

ಓಲೆಗರಿ
ಕಾಲವೊಂದರಿಂದಲೇ ಬೇರ್ಪಡಿಸಲಾಗದ ಜೋಡಿಯೂ ಇದೆ, ಚಾವುಂಡರಾಯ. 978ರ ‘ಚಾವುಂಡರಾಯ ಪುರಾಣ’ ಬರೆದವನು ಗಂಗರ ಮಂತ್ರಿ, ಶ್ರವಣಬೆಳಗೊಳದ ಗೊಮ್ಮಟನನ್ನು ಕಡೆಯಿಸಿದವನು. 1025ರ ‘ಲೋಕೋಪಕಾರ’ ಬರೆದವನು ಚಾಲುಕ್ಯ ಜಯಸಿಂಹನ ಆಶ್ರಯದಲ್ಲಿದ್ದವನು. ಅದು ಜ್ಯೋತಿಷ, ವಾಸ್ತು, ಅಂತರ್ಜಲ ಶೋಧ, ವೃಕ್ಷಾಯುರ್ವೇದ, ಸುಗಂಧದ್ರವ್ಯ, ಪಾಕ, ಪಶುವೈದ್ಯ ಎಲ್ಲ ಇರುವ ಲೋಕೋಪಯೋಗಿ ಕೋಶ. ಎರಡರ ನಡುವೆ 47 ವರ್ಷ. ಬರೀ ವರ್ಷ ನೋಡಿದರೆ ಒಬ್ಬನ ಆಯುಸ್ಸಿನೊಳಗೆ ಹೇಗೋ ತುರುಕಬಹುದು. ಬೇರೆ ಮಾಡುವುದು ಆಸ್ಥಾನ. ಲೋಕೋಪಕಾರವನ್ನು ಗೊಮ್ಮಟನ ಚಾವುಂಡರಾಯನಿಗೆ ಕಟ್ಟುವ ಬರಹಗಳು ಜಾಲತಾಣಗಳಲ್ಲಿ ಓಡಾಡುತ್ತಲೇ ಇರುತ್ತವೆ. ನಮೂದಿನಲ್ಲಿ ಎರಡನ್ನೂ ಬರೆಯಿರಿ: ಕಾಲ, ಆಶ್ರಯ.

ವಚನಕಾರರಿಗೆ ಇಷ್ಟು ಕಷ್ಟವಿಲ್ಲ, ಕಾಯಕ ಮತ್ತು ಅಂಕಿತ ಸಾಕು. ಅಂಬಿಗರ ಚೌಡಯ್ಯ, ಬಹುರೂಪಿ ಚೌಡಯ್ಯ ಇಬ್ಬರಿಗೂ ಕಾಯಕವೇ ವಿಶೇಷಣ. ಅಂಕಿತ ನೋಡಿದರೆ ಮೊದಲನೆಯವನದು ಅವನ ಹೆಸರೇ, ಎರಡನೆಯವನದು ‘ರೇಕಣ್ಣಪ್ರಿಯ ನಾಗಿನಾಥ’. ಅಂಕಿತವನ್ನು ಲೇಖಕನ ಹೆಸರಿನ ಜಾಗದಲ್ಲಿ ಹಾಕದೆ ಟಿಪ್ಪಣಿಯಲ್ಲಿ ಹಾಕಿ.

ಕಪಾಟು_ಸೂಚಿ
ಹಳಬರದು ಅರ್ಥವಾಯಿತು. ನರಸಿಂಹಾಚಾರ್‌ಗಳದು? ಒಂದು ಮಾದರಿ ರೆಕಾರ್ಡ್ ತೋರಿಸಿದರೆ ಅನುಕೂಲ.

ಸೂಚೀಕಾರ
ನಾಲ್ವರು:

ಆರ್. ನರಸಿಂಹಾಚಾರ್ (1860–1936), ಮೈಸೂರು ಪ್ರಾಕ್ತನ ಇಲಾಖೆಯ ಮುಖ್ಯಸ್ಥರು, ‘ಕರ್ಣಾಟಕ ಕವಿಚರಿತೆ’ಯವರು.
ಎಸ್. ಜಿ. ನರಸಿಂಹಾಚಾರ್ (1862–1907), 1907ರ ಕವಿಚರಿತೆಯ ಮೊದಲ ಸಂಪುಟದಲ್ಲಿ ಜೊತೆಗಾರರು. ಒಂದೇ ಪುಸ್ತಕಕ್ಕೆ ಇಬ್ಬರು ನರಸಿಂಹಾಚಾರ್. ಎಕ್ಸೆಲ್‌ನಲ್ಲಿ ‘ಹೆಸರು ಎರಡು ಸಲ ಬಂದಿದೆ’ ಎಂದು ಒಬ್ಬರನ್ನು ಅಳಿಸಿಬಿಡುತ್ತಾರೆ.
ಪು. ತಿ. ನರಸಿಂಹಾಚಾರ್ (1905–1998), ಕವಿ, ಗೀತನಾಟಕಕಾರರು.
ಡಿ. ಎಲ್. ನರಸಿಂಹಾಚಾರ್ (1906–1971), ‘ಕನ್ನಡ ಗ್ರಂಥ ಸಂಪಾದನೆ’ಯವರು.

ಕೊನೆಯವರಾದ ಡಿ.ಎಲ್.ಎನ್. ಅವರ ರೆಕಾರ್ಡ್ ಹೀಗಿರಲಿ (ಅಂಕಿಗಳು ‘ಮಾರ್ಕ್’ ಎಂಬ ಕ್ಯಾಟಲಾಗ್ ನಮೂನೆಯ ಕ್ಷೇತ್ರಗಳು: 100 ಮುಖ್ಯ ಹೆಸರು, 400 ನೋಡು-ಸೂಚನೆ, 372 ಕೆಲಸದ ಕ್ಷೇತ್ರ, 374 ವೃತ್ತಿ, 377 ಭಾಷೆ, 670 ಆಧಾರ; ಎ, ಕ್ಯೂ, ಡಿ ಉಪಕ್ಷೇತ್ರಗಳು):

100 — ಎ: ನರಸಿಂಹಾಚಾರ್, ಡಿ. ಎಲ್. / ಕ್ಯೂ: (ದೊಡ್ಡಬೆಲೆ ಲಕ್ಷ್ಮೀನರಸಿಂಹಾಚಾರ್) / ಡಿ: 1906–1971
400 — ಡಿ.ಎಲ್.ಎನ್.
400 — ನರಸಿಂಹಾಚಾರ್ಯ, ಡಿ. ಎಲ್., 1906–1971
400 — ಲಕ್ಷ್ಮೀನರಸಿಂಹಾಚಾರ್, ದೊಡ್ಡಬೆಲೆ
372 — ಗ್ರಂಥ ಸಂಪಾದನೆ; ಹಳಗನ್ನಡ
374 — ಕನ್ನಡ ಪ್ರಾಧ್ಯಾಪಕ
377 — ಕನ್ನಡ
670 — ಯಾವ ಪುಸ್ತಕದ ಯಾವ ಪುಟದಲ್ಲಿ ಏನು ಕಂಡಿತು ಎಂಬ ಟಿಪ್ಪಣಿ

670 ಅನ್ನು ಎಲ್ಲರೂ ಖಾಲಿ ಬಿಡುತ್ತಾರೆ, ಮುಂದೆ ಜಗಳ ಬಂದಾಗ ಕೈಗೆ ಬರುವುದು ಅದೊಂದೇ. ‘ಮುನ್ನುಡಿಯಲ್ಲಿ ಸಹಿ: ಮೈಸೂರು’ ಎಂಬಷ್ಟು ಇದ್ದರೂ ಸಾಕು.

ಇನ್ನೊಂದು ಮಾತು. ಡಿ.ಎಲ್.ಎನ್. ‘ವಡ್ಡಾರಾಧನೆ’ಯ ಸಂಪಾದಕರು, ಕರ್ತೃ ಅಲ್ಲ. ಅವರು ಪುಸ್ತಕದ ರೆಕಾರ್ಡಿನ 700ರಲ್ಲಿ (ಕರ್ತೃವಲ್ಲದ ಇತರರ ಹೆಸರಿನ ಕ್ಷೇತ್ರ) ಸಂಪಾದಕ ಎಂಬ ಪಾತ್ರದೊಡನೆ ಬರಬೇಕು. ಕರ್ತೃವಿನ ಜಾಗದಲ್ಲಿ ಶಿವಕೋಟ್ಯಾಚಾರ್ಯ. ಅಲ್ಲೂ ಎಚ್ಚರ: ಪ್ರಾಕೃತದ ‘ಭಗವತೀ ಆರಾಧನಾ’ದ ಶಿವಾರ್ಯನನ್ನೂ ಶಿವಕೋಟಿ ಎನ್ನುತ್ತಾರೆ.

ಪಡುವಣ
ಹೆಸರಿನ ಯಾವ ಭಾಗ ಮೊದಲು ಬರಬೇಕು ಎಂಬುದರಲ್ಲೇ ಅರ್ಧ ಗೊಂದಲ. ಹಳೇ ಮೈಸೂರಿನ ಕಡೆ ಊರು, ತಂದೆಯ ಹೆಸರಿನ ಇನಿಷಿಯಲ್ಲು, ಆಮೇಲೆ ಸ್ವಂತ ಹೆಸರು. ಧಾರವಾಡ, ಬೆಳಗಾವಿ ಕಡೆ ಕೊನೆಗೆ ಅಡ್ಡಹೆಸರು. ಕರಾವಳಿಯಲ್ಲಿ ಮನೆತನದ ಹೆಸರು. ಎಲ್ಲವನ್ನೂ ‘ಕೊನೆಯ ಪದ ಮೊದಲು’ ಎಂದು ಸ್ಕ್ರಿಪ್ಟ್ ಓಡಿಸಿದರೆ ‘ಅಯ್ಯಂಗಾರ್, ಮಾಸ್ತಿ ವೆಂಕಟೇಶ’ ಆಗುತ್ತದೆ.

ಆಂಗ್ಲೋ ಅಮೆರಿಕನ್ ನಿಯಮಾವಳಿಯಲ್ಲೇ ಕನ್ನಡ, ತೆಲುಗು, ತಮಿಳು, ಮಲಯಾಳಂಗೆ ಬೇರೆ ನಿಯಮ ಇತ್ತು: ಅಡ್ಡಹೆಸರು ಇಲ್ಲದಿದ್ದರೆ ಸ್ವಂತ ಹೆಸರೇ ಮೊದಲು, ಜಾತಿಸೂಚಕ ಅದರ ಜೊತೆಗೇ, ಊರು ಕೊನೆಗೆ. ಅಂದರೆ ‘ವೆಂಕಟೇಶ ಅಯ್ಯಂಗಾರ್, ಮಾಸ್ತಿ’. ಅದೇ ಲೆಕ್ಕದಲ್ಲಿ ‘ಚಂದ್ರಶೇಖರ್, ಸಿ. ಆರ್.’, ಆದರೆ ‘ಕಂಬಾರ, ಚಂದ್ರಶೇಖರ’, ‘ಪಾಟೀಲ, ಚಂದ್ರಶೇಖರ’. ಮನೋವೈದ್ಯರು ಒಂದು ಕಡೆ, ಇಬ್ಬರು ಕವಿಗಳು ಎರಡು ಕಡೆ. ಇಷ್ಟು ಮಾಡಿದರೇ ಮೂವರು ಬೇರೆಯಾದರು.

ಲಿಪಿಶುದ್ಧಿ
ಹೆಸರು ಬೇರ್ಪಡಿಸುವ ಮೊದಲು ಅಕ್ಷರ ಶುದ್ಧ ಮಾಡಿ. ಇಲ್ಲದಿದ್ದರೆ ಒಬ್ಬರೇ ನಾಲ್ಕು ಜನ ಆಗುತ್ತಾರೆ. ಕನ್ನಡ ಪಟ್ಟಿಗಳಲ್ಲಿ ಪದೇಪದೇ ಕಾಣುವ ರೋಗಗಳು:

1. ಪದದ ಕೊನೆಯ ಕಾಣದ ಅಕ್ಷರ. ‘ರಾವ್’ ಎಂದು ಒಬ್ಬರು ಟೈಪಿಸಿದ್ದು, ಇನ್ನೊಬ್ಬರದು ಕಣ್ಣಿಗೆ ಒಂದೇ, ಆದರೆ ಒಂದರ ಕೊನೆಯಲ್ಲಿ ಜೀರೋ ವಿಡ್ತ್ ನಾನ್ ಜಾಯ್ನರ್ (ಯೂನಿಕೋಡ್ 200ಸಿ) ಕೂತಿರುತ್ತದೆ. ಕಂಪ್ಯೂಟರಿಗೆ ಎರಡು ಬೇರೆ ಹೆಸರು. ಇದನ್ನು ಪದದ ಕೊನೆಯಲ್ಲಿ, ಚುಕ್ಕಿಯ ಮುಂಚೆ, ಅಲ್ಪವಿರಾಮದ ಮುಂಚೆ ಮಾತ್ರ ತೆಗೆಯಿರಿ. ಪದದ ನಡುವಿನದನ್ನು ಮುಟ್ಟಬೇಡಿ. ‘ರಾಜ್‌ಕುಮಾರ್’ ನಡುವಿನದನ್ನು ತೆಗೆದರೆ ಜಕಾರಕ್ಕೆ ಕಕಾರ ಒತ್ತಾಗಿ ಬೀಳುತ್ತದೆ.

2. ಅನುಸ್ವಾರದ ಬದಲು ಸೊನ್ನೆ. ‘ಎಂ.’ ಎನ್ನುವಲ್ಲಿ ಕನ್ನಡ ಅಂಕಿ ‘೦’ ಟೈಪಿಸಿರುತ್ತಾರೆ. ಹಳೆಯ ಡಿಟಿಪಿ ಕಡತದಿಂದ ಬಂದ ಪಟ್ಟಿಗಳಲ್ಲಿ ಇದು ಸಾಮಾನ್ಯ. ಅಕ್ಷರಕ್ಕೆ ತಾಗಿ ಬಂದ ‘೦’ ಎಲ್ಲವನ್ನೂ ಅನುಸ್ವಾರಕ್ಕೆ ಬದಲಿಸಿ, ವರ್ಷಗಳ ಕಾಲಂ ಬಿಟ್ಟು.

3. ‘ೊ’, ‘ೋ’, ‘ೇ’ಗಳನ್ನು ಬಿಡಿಬಿಡಿ ತುಂಡುಗಳಲ್ಲಿ ಟೈಪಿಸಿರುವುದು. ತುಂಡುಗಳನ್ನು ಒಂದೇ ಸಂಕೇತವಾಗಿ ಕೂಡಿಸುವ ಯೂನಿಕೋಡ್ ನಾರ್ಮಲೈಸೇಶನ್ ಸಿ ಓಡಿಸಿದರೆ ಇದು ಸರಿಹೋಗುತ್ತದೆ. ಮೇಲಿನ ಎರಡು ಅದರಿಂದ ಸರಿಹೋಗುವುದಿಲ್ಲ.

4. ಎಚ್/ಹೆಚ್, ಎಸ್/ಯೆಸ್, ಎಂ/ಎಮ್, ಎನ್/ಯನ್. ಒಂದನ್ನು ಗೊತ್ತುಮಾಡಿ, ಉಳಿದದ್ದು ನೋಡು-ಸೂಚನೆ.

5. ‘ಬಿ.ಆರ್.’ ಮತ್ತು ‘ಬಿ. ಆರ್.’, ‘ಲಕ್ಷ್ಮಣರಾವ್’ ಮತ್ತು ‘ಲಕ್ಷ್ಮಣ ರಾವ್’. ಖಾಲಿ ಜಾಗದ ನಿಯಮವೂ ಒಂದೇ ಇರಲಿ.

ಓಪನ್‌ರಿಫೈನ್ ಎಂಬ ಪಟ್ಟಿ ಶುದ್ಧಿ ಮಾಡುವ ತಂತ್ರಾಂಶದಲ್ಲಿ ಹಾಕಿ ಗುಂಪು ಮಾಡುವವರಿಗೆ ಒಂದು ಎಚ್ಚರಿಕೆ. ಎಷ್ಟು ಸಂಕೇತ ಬೇರೆ ಎಂದು ಎಣಿಸುವ ಲೆವೆನ್‌ಸ್ಟೈನ್ ವಿಧಾನದಲ್ಲಿ ಅಂತರ 2 ಎಂದು ಕೊಟ್ಟರೆ ‘ಬಿ.ಆರ್. ಲಕ್ಷ್ಮಣರಾವ್’ ಮತ್ತು ‘ಜೆ.ಆರ್. ಲಕ್ಷ್ಮಣರಾವ್’ ಒಂದೇ ಗುಂಪಿಗೆ ಬೀಳುತ್ತಾರೆ. ‘ಬಿ’ಯಿಂದ ‘ಜೆ’ಗೆ ಎರಡೇ ಸಂಕೇತ: ವ್ಯಂಜನ ಒಂದು, ಸ್ವರಚಿಹ್ನೆ ಒಂದು. ‘ಎಲ್ಲ ಸೇರಿಸು’ ಒತ್ತಿದರೆ ‘ಪರಮಾಣು ಚರಿತ್ರೆ’ ಬರೆದ ವಿಜ್ಞಾನ ಲೇಖಕರೂ ‘ಗೋಪಿ ಮತ್ತು ಗಾಂಡಲೀನ’ ಬರೆದ ಕವಿಯೂ ಒಬ್ಬರೇ ಆಗುತ್ತಾರೆ. ಕನ್ನಡ ಹೆಸರುಗಳಲ್ಲಿ ವ್ಯಕ್ತಿಯನ್ನು ಗುರುತಿಸುವುದೇ ಇನಿಷಿಯಲ್ಲು. ಈ ವಿಧಾನಗಳ ಕಣ್ಣಿಗೆ ಅದು ಬೆರಳಚ್ಚಿನ ದೋಷದಂತೆ ಕಾಣುತ್ತದೆ. ಚುಕ್ಕಿ, ಪದಗಳ ಕ್ರಮದಂಥ ವ್ಯತ್ಯಾಸವನ್ನಷ್ಟೇ ಕಡೆಗಣಿಸುವ ಫಿಂಗರ್‌ಪ್ರಿಂಟ್ ವಿಧಾನ ಸಾಕು, ಅದನ್ನೂ ಒಂದೊಂದಾಗಿ ನೋಡಿ ಒಪ್ಪಿಗೆ ಕೊಡಿ.

ಕೋಹಾ_ಕೈಪಿಡಿ
ಲಿಪಿಶುದ್ಧಿ ಅವರು ಹೇಳಿದ್ದು ಮುಗಿದ ಮೇಲೆ ಕೋಹಾದ ಕಡೆ ಬನ್ನಿ. ನಿಮ್ಮ ಎಲ್ಲ ನರಸಿಂಹಾಚಾರ್‌ಗಳು ಒಂದಾಗಿರುವುದಕ್ಕೆ ಬಹುತೇಕ ಕಾರಣ ಪುಸ್ತಕಕ್ಕೂ ಅಥಾರಿಟಿಗೂ ಕೊಂಡಿ ಹಾಕುವ ‘ಲಿಂಕರ್ ಮಾಡ್ಯೂಲ್’ ಸೆಟ್ಟಿಂಗ್. ಸಿಸ್ಟಂ ಪ್ರಿಫರೆನ್ಸ್‌ನಲ್ಲಿ ಅದಕ್ಕೆ ಮೂರು ಆಯ್ಕೆ. ‘ಡೀಫಾಲ್ಟ್’ ಎಂದಿದ್ದರೆ ಹೊಂದುವ ಅಥಾರಿಟಿ ಒಂದೇ ಇದ್ದಾಗ ಮಾತ್ರ ಕೊಂಡಿ ಹಾಕುತ್ತದೆ. ‘ಫಸ್ಟ್ ಮ್ಯಾಚ್’ ಎಂದಿದ್ದರೆ ಹೊಂದುವವು ನಾಲ್ಕಿದ್ದರೂ ಮೊದಲು ಸಿಕ್ಕಿದ್ದಕ್ಕೆ ಕಟ್ಟಿಬಿಡುತ್ತದೆ. ‘ಲಾಸ್ಟ್ ಮ್ಯಾಚ್’ ಕೊನೆಯದಕ್ಕೆ. ಕನ್ನಡ ಸಂಗ್ರಹಕ್ಕೆ ‘ಡೀಫಾಲ್ಟ್’ ಒಂದೇ ಸರಿ. ಕೊಂಡಿ ಬೀಳದೆ ಉಳಿದವು ಉಳಿಯಲಿ, ಅವನ್ನು ಕೈಯಿಂದ ಹಾಕಬಹುದು.

ಕ್ರಮ ಹೀಗಿರಲಿ:

ಮೊದಲು ಡೇಟಾಬೇಸಿನ ಬ್ಯಾಕಪ್. ಆಮೇಲೆ, ಹೆಸರು ಸಿಗದಿದ್ದರೆ ತಾನಾಗಿ ಅಥಾರಿಟಿ ಸೃಷ್ಟಿಸುವ ಆಯ್ಕೆಯನ್ನು ತಾತ್ಕಾಲಿಕವಾಗಿ ಬಂದ್ ಮಾಡಿ. ಸಮಸ್ಯೆಯ ಹೆಸರುಗಳಿಗೆ, ಹೆಚ್ಚೆಂದರೆ ಐವತ್ತು-ಅರವತ್ತು ಇರುತ್ತವೆ, ಅಥಾರಿಟಿಗಳನ್ನು ಕೈಯಿಂದ ಬರೆಯಿರಿ. ನಂತರ ಪುಸ್ತಕಗಳನ್ನು ಏರಿಸಿ, ಕೊಂಡಿ ಹಾಕುವ ಸ್ಕ್ರಿಪ್ಟನ್ನು ಮೊದಲು ಪರೀಕ್ಷಾರ್ಥವಾಗಿ ಓಡಿಸಿ ವರದಿ ನೋಡಿ, ಆಮೇಲೆ ನಿಜವಾಗಿ ಓಡಿಸಿ. ಈಗಾಗಲೇ ಏರಿಸಿದ್ದರೆ, ಪ್ರತಿ ತಪ್ಪು ಲೇಖಕರ ಪುಸ್ತಕಗಳನ್ನು ಒಂದು ಲಿಸ್ಟಿಗೆ ಹಾಕಿ, ಮಾರ್ಕ್ ಮಾಡಿಫಿಕೇಶನ್ ಟೆಂಪ್ಲೇಟಿನಲ್ಲಿ 100ರ ಎ, ಡಿ ಮತ್ತು 9 (ಅಥಾರಿಟಿಯ ಕೊಂಡಿ ಸಂಖ್ಯೆ) ಉಪಕ್ಷೇತ್ರಗಳನ್ನು ಹೊಸ ಅಥಾರಿಟಿಗೆ ಬದಲಿಸಿ, ಬ್ಯಾಚ್ ಮಾಡಿಫಿಕೇಶನ್ ಓಡಿಸಿ. 9ನ್ನು ಮರೆತರೆ ಹೆಸರು ಹೊಸದು ಕಾಣುತ್ತದೆ, ಕೊಂಡಿ ಮಾತ್ರ ಹಳಬರಿಗೇ ಇರುತ್ತದೆ. ಮುಂದೆ ಯಾರಾದರೂ ಹಳೆಯ ಅಥಾರಿಟಿಯನ್ನು ತಿದ್ದಿದ ದಿನ ನಿಮ್ಮ ಕೆಲಸವೆಲ್ಲ ಅಳಿಸಿಹೋಗುತ್ತದೆ.

ಇಬ್ಬರನ್ನು ಒಂದು ಮಾಡಲು ಕೋಹಾದಲ್ಲಿ ‘ಮರ್ಜ್’ ಇದೆ, ಎರಡು ಕ್ಲಿಕ್. ಒಬ್ಬರನ್ನು ಇಬ್ಬರಾಗಿ ಒಡೆಯಲು ಅಂಥ ಬಟನ್ನು ಇಲ್ಲ. ಹಾಗಾಗಿ ಖಾತ್ರಿ ಇಲ್ಲದಾಗ ಬೇರೆಬೇರೆ ಇಡಿ. ಆಮೇಲೆ ಒಂದು ಮಾಡುವುದು ಸುಲಭ.

ಮರ್ಜ್ ಮಾಡಿದ ಮೇಲೆ ಪುಸ್ತಕಗಳು ತಕ್ಷಣ ಬದಲಾಗದಿದ್ದರೆ ಗಾಬರಿ ಬೇಡ. ಕೊಂಡಿ ಇರುವ ಪುಸ್ತಕಗಳ ಸಂಖ್ಯೆ ಮಿತಿ ಮೀರಿದರೆ (ಮೊದಲೇ ಇರುವ ಮಿತಿ 50) ಅದನ್ನು ರಾತ್ರಿ ತಾನಾಗಿ ಓಡುವ ಕ್ರಾನ್ ಕೆಲಸಕ್ಕೆ ಬಿಡುತ್ತದೆ. ಆ ಕ್ರಾನ್ ಹಾಕಿಲ್ಲದಿದ್ದರೆ ಎಂದಿಗೂ ಬದಲಾಗುವುದಿಲ್ಲ.

ಕಪಾಟು_ಸೂಚಿ
‘ಫಸ್ಟ್ ಮ್ಯಾಚ್’ ಎಂದೇ ಇದೆ! ಬದಲಿಸಿದೆ. ಹಲವು ದೇಶಗಳ ಗ್ರಂಥಾಲಯಗಳ ಅಥಾರಿಟಿಗಳನ್ನು ಒಟ್ಟುಗೂಡಿಸಿದ ವಯಾಫ್‌ನಿಂದ ಹುಟ್ಟಿದ ವರ್ಷ ಎಲ್ಲ ಎಳೆದುಕೊಳ್ಳಬಹುದೇ?

ಸೂಚೀಕಾರ
ಪರಿಶೀಲಿಸದೆ ಬೇಡ. ವಯಾಫ್ ಗುಂಪುಗಳು ಯಂತ್ರ ಜೋಡಿಸಿದವು. ಭಾರತೀಯ ಹೆಸರುಗಳು ರೋಮನ್ ಲಿಪಿಗೆ ಹೋದಾಗ ಹ್ರಸ್ವ-ದೀರ್ಘ ಹೋಗಿ ಇನ್ನಷ್ಟು ಜನ ಒಂದೇ ಆಗುತ್ತಾರೆ. ಅಲ್ಲಿ ಕಂಡ ಕೃತಿಗಳ ಪಟ್ಟಿ ನಿಮ್ಮ ಲೇಖಕರದೇ ಎಂದು ಎರಡು ಶೀರ್ಷಿಕೆಯನ್ನಾದರೂ ಹೊಂದಿಸಿ ನೋಡಿ, ಆಮೇಲೆ ಗುರುತಿನ ಸಂಖ್ಯೆ ತೆಗೆದುಕೊಳ್ಳಿ. ಐಎಸ್‌ಬಿಎನ್‌ನಿಂದಲೂ ಲೇಖಕರನ್ನು ಗುರುತಿಸಲಾಗದು, ಅದು ಪುಸ್ತಕದ ಆ ಆವೃತ್ತಿಯ ಸಂಖ್ಯೆ. ಲೇಖಕರಿಗೆ ಇರುವುದು ಐಎಸ್‌ಎನ್‌ಐ, 16 ಅಂಕಿ.

ದತ್ತಾಂಶ
ವಿಕಿಡೇಟಾದಲ್ಲಿ ಕೆಲಸ ಮಾಡುವವರಿಗೆ: ಲೇಖಕ ಯಾರೆಂದು ಖಾತ್ರಿ ಇಲ್ಲದಿದ್ದರೆ ಲೇಖಕರ ಪುಟಕ್ಕೆ ಕೊಂಡಿ ಹಾಕುವ ಪಿ50 ತುಂಬಬೇಡಿ. ಪಿ2093ರಲ್ಲಿ ಹೆಸರನ್ನು ಬರೀ ಅಕ್ಷರವಾಗಿ ಬರೆಯಿರಿ, ಯಾರಾದರೂ ಆಮೇಲೆ ಬಿಡಿಸುತ್ತಾರೆ. ಒಂದೇ ಹೆಸರಿನ ಇಬ್ಬರನ್ನು ಬಿಡಿಸಿದ ಮೇಲೆ ಇಬ್ಬರಿಗೂ ಪಿ1889, ಅಂದರೆ ‘ಇವರಲ್ಲ’ ಎಂಬ ಗುರುತು, ಹಾಕಿ. ಎರಡೂ ಕಡೆ ಹಾಕಬೇಕು. ಇಲ್ಲದಿದ್ದರೆ ಆರು ತಿಂಗಳಲ್ಲಿ ಉತ್ಸಾಹಿಯೊಬ್ಬರು ಬಂದು ‘ನಕಲು’ ಎಂದು ಮತ್ತೆ ಒಂದು ಮಾಡುತ್ತಾರೆ. ವಿವರಣೆಯ ಸಾಲಿನಲ್ಲಿ ‘ಕನ್ನಡ ಲೇಖಕ’ ಎಂದು ಬರೆಯುವುದು ಏನೂ ಬರೆಯದಿದ್ದಂತೆ. ‘ಕನ್ನಡ ವಿಜ್ಞಾನ ಲೇಖಕ (1921–2017)’ ಎಂದರೆ ಪ್ರಯೋಜನ.

ಸ್ಕ್ಯಾನ್_ಸ್ವಯಂಸೇವಕ
ಡಿಜಿಟಲೀಕರಣ ಮಾಡುವವರಿಗೆ ಇದು ಬರೀ ಅಚ್ಚುಕಟ್ಟಿನ ಪ್ರಶ್ನೆಯಲ್ಲ, ಹಕ್ಕುಸ್ವಾಮ್ಯದ ಪ್ರಶ್ನೆ. ನಮ್ಮಲ್ಲಿ ಲೇಖಕರು ತೀರಿಕೊಂಡ ಮುಂದಿನ ವರ್ಷದ ಜನವರಿ 1ರಿಂದ 60 ವರ್ಷ ಎಣಿಕೆ. ಆರ್. ನರಸಿಂಹಾಚಾರ್ 1936ರಲ್ಲಿ ತೀರಿಕೊಂಡರು. ಆಗ ಅವಧಿ 50 ವರ್ಷವಿತ್ತು, 1987ಕ್ಕೇ ಮುಕ್ತವಾಯಿತು. 60ಕ್ಕೆ ಏರಿಸಿದ್ದು ಆಮೇಲೆ. ಡಿ.ಎಲ್.ಎನ್. ಕೃತಿಗಳು ಮುಕ್ತವಾಗುವುದು 2032ರ ಜನವರಿ 1ಕ್ಕೆ, ಪು.ತಿ.ನ. ಅವರವು 2059ಕ್ಕೆ. ‘ನರಸಿಂಹಾಚಾರ್, ಮರಣ 1936’ ಎಂಬ ಒಂದೇ ಖಾತೆ ನಂಬಿ ಮೂವರದನ್ನೂ ಏರಿಸಿದರೆ ಎರಡು ಪಾಲು ಅಕ್ರಮ.

ಶ್ರೀಕಂಠಯ್ಯರೂ ಹಾಗೆಯೇ. ಬಿ.ಎಂ.ಶ್ರೀ 1946ರಲ್ಲಿ ತೀರಿಕೊಂಡರು, ಅವರ ಕೃತಿಗಳು 2007ರಿಂದ ಮುಕ್ತ. ತೀ.ನಂ.ಶ್ರೀ 1966ರಲ್ಲಿ, ಅಂದರೆ ‘ಭಾರತೀಯ ಕಾವ್ಯಮೀಮಾಂಸೆ’ ಮುಕ್ತವಾಗುವುದು 2027ರ ಜನವರಿ 1ಕ್ಕೆ. ಇಬ್ಬರು ಸೇರಿ ಬರೆದಿದ್ದರೆ ಕೊನೆಗೆ ತೀರಿಕೊಂಡವರ ವರ್ಷ ಹಿಡಿಯಬೇಕು. ಲೇಖಕರು ತೀರಿದ ಮೇಲೆ ಮೊದಲ ಸಲ ಅಚ್ಚಾದ ಕೃತಿಗೆ ಎಣಿಕೆ ಪ್ರಕಟಣೆಯ ವರ್ಷದಿಂದ. ಹಳಗನ್ನಡ ಕಾವ್ಯಕ್ಕೆ ಹಕ್ಕಿಲ್ಲ ಎಂದು ಅದರ ಸಂಪಾದಿತ ಆವೃತ್ತಿಯನ್ನು ಇಡಿಯಾಗಿ ಏರಿಸುವಂತಿಲ್ಲ. ಪೀಠಿಕೆ, ಟಿಪ್ಪಣಿ ಸಂಪಾದಕರದು.

ನೀಲಾಂಬರಿ
ಕಾವ್ಯನಾಮಗಳ ಬಗ್ಗೆ ಯಾರೂ ಮಾತಾಡಲಿಲ್ಲ. ‘ಶ್ರೀನಿವಾಸ’ ಎಂದು ಮುಖಪುಟದಲ್ಲಿ ಇದ್ದರೆ ಅದು ಮಾಸ್ತಿಯೇ ಎಂದು ಹೇಗೆ ಹೇಳುವುದು? ಆ ಹೆಸರಿನ ಲೇಖಕರು ಲೆಕ್ಕವಿಲ್ಲದಷ್ಟು. ಮತ್ತೆ, ಮದುವೆಯ ಮುಂಚೆ ತಂದೆಯ ಇನಿಷಿಯಲ್ಲು, ಆಮೇಲೆ ಗಂಡನ ಹೆಸರು ಇಟ್ಟುಕೊಂಡ ಲೇಖಕಿಯರನ್ನು ಇಬ್ಬರೆಂದು ಎಣಿಸುವುದು ಎಲ್ಲ ಕಡೆ ನಡೆದಿದೆ.

ಸೂಚೀಕಾರ
ಮುಖ್ಯ ನಮೂದು ‘ವೆಂಕಟೇಶ ಅಯ್ಯಂಗಾರ್, ಮಾಸ್ತಿ, 1891–1986’. ‘ಶ್ರೀನಿವಾಸ’ 400ರಲ್ಲಿ. ಆದರೆ ಬೇರೊಬ್ಬರ 100ರಲ್ಲಿ ಬರೀ ‘ಶ್ರೀನಿವಾಸ’ ಎಂದೇ ಇದ್ದರೆ ಎರಡೂ ಡಿಕ್ಕಿ ಹೊಡೆಯುತ್ತವೆ. ಆಗ 400ಕ್ಕೂ ವರ್ಷ ಸೇರಿಸಿ: ‘ಶ್ರೀನಿವಾಸ, 1891–1986’. ಇಬ್ಬರ 400ಗಳು ಒಂದೇ ಇದ್ದರೆ ತೊಂದರೆಯಿಲ್ಲ, ಓದುಗರಿಗೆ ಇಬ್ಬರೂ ಕಾಣುತ್ತಾರೆ. ಒಬ್ಬರ 400 ಇನ್ನೊಬ್ಬರ 100 ಆಗಬಾರದು ಅಷ್ಟೆ.

ಕಾವ್ಯನಾಮಕ್ಕೆ ಪ್ರತ್ಯೇಕ ಅಥಾರಿಟಿ ಮಾಡಿ 500ರಿಂದ (‘ಇದನ್ನೂ ನೋಡಿ’ ಕ್ಷೇತ್ರ) ಜೋಡಿಸುವ ಕ್ರಮವೂ ಇದೆ. ದೊಡ್ಡ ಗ್ರಂಥಾಲಯಗಳು ಹಾಗೆ ಮಾಡುತ್ತವೆ. ಸಣ್ಣ ಸಂಗ್ರಹದಲ್ಲಿ ಬೇಂದ್ರೆ ಒಂದು ಕಡೆ, ಅಂಬಿಕಾತನಯದತ್ತ ಇನ್ನೊಂದು ಕಡೆ ಕೂತರೆ ಓದುಗರಿಗೆ ಕಿರಿಕಿರಿ. ಒಂದೇ ನಮೂದು, ಜನ ಬಳಸುವ ಹೆಸರು ಮುಖ್ಯ: ಕುವೆಂಪು, ತ್ರಿವೇಣಿ, ವೈದೇಹಿ. ಅನಸೂಯ ಶಂಕರ್, ಜಾನಕಿ ಶ್ರೀನಿವಾಸಮೂರ್ತಿ ಎಂಬವು ನೋಡು-ಸೂಚನೆಗೆ. ಮದುವೆಯ ಮುಂಚಿನ ಹೆಸರಿಗೂ ಇದೇ.

ನೀಲಾಂಬರಿ
ಬದುಕಿರುವ ಲೇಖಕರ ಹುಟ್ಟಿದ ತಾರೀಖು ಹಾಕುವುದು ಸರಿಯೇ? ಕೆಲವರು ಒಪ್ಪುವುದಿಲ್ಲ.

ಪಡುವಣ
ವರ್ಷ ಮಾತ್ರ, ಅದೂ ಪುಸ್ತಕದಲ್ಲೇ ಅಚ್ಚಾಗಿದ್ದರೆ. ಇಲ್ಲದಿದ್ದರೆ ಹೆಸರು, ಕಂಸದಲ್ಲಿ ವೃತ್ತಿ ಅಥವಾ ಕ್ಷೇತ್ರ: ‘(ಪಶುವೈದ್ಯ)’, ‘(ಗಣಿತ ಪಠ್ಯಪುಸ್ತಕ ಲೇಖಕ)’. ಊರು ಬೇಡ, ಜನ ಊರು ಬದಲಿಸುತ್ತಾರೆ. ‘ಪ್ರೊ.’, ‘ಡಾ.’ ಕೂಡ ಬೇಡ. ಒಂದೇ ಲೇಖಕರ ಮೊದಲ ಪುಸ್ತಕದಲ್ಲಿ ಶ್ರೀ, ಎರಡನೆಯದರಲ್ಲಿ ಡಾ. ಇರುತ್ತದೆ, ಇಬ್ಬರಾಗುತ್ತಾರೆ. ಅಣ್ಣ-ತಮ್ಮಂದಿರು, ಚಿಕ್ಕಪ್ಪ-ಮಗ ಇಬ್ಬರಿಗೂ ಅದೇ ಊರಿನ ಅದೇ ಇನಿಷಿಯಲ್ಲು, ತಾತನ ಹೆಸರೇ ಮೊಮ್ಮಗನಿಗೆ ಇಟ್ಟಿರುವುದು, ಇಂಥ ಕಡೆ ಪ್ರಕಾಶಕರಿಗೆ ಒಂದು ಪತ್ರ ಬರೆದು ಕೇಳಿ. ಉತ್ತರವನ್ನು 670ರಲ್ಲಿ ‘ಪ್ರಕಾಶಕರ ಪತ್ರ’ ಎಂದು ತಾರೀಖಿನ ಜೊತೆ ನಮೂದಿಸಿ.

ಕಪಾಟು_ಸೂಚಿ
ಕೊನೆಯದು ಒಂದು. ಪುಸ್ತಕದ ಬೆನ್ನಿನ ಲೇಬಲ್. ಲೇಖಕರ ಮೊದಲ ಎರಡು ಅಕ್ಷರ ಹಾಕುವ ಪದ್ಧತಿ ಇದೆ. ನರಸಿಂಹಾಚಾರ್, ನರಸಿಂಹಸ್ವಾಮಿ ಎಲ್ಲ ‘ನರ’. ಕಾವ್ಯದ ಕಪಾಟಿನಲ್ಲಿ ಪು.ತಿ.ನ., ಕೆ.ಎಸ್.ನ. ಬೆರಕೆಯಾಗಿದ್ದಾರೆ.

ಕೋಹಾ_ಕೈಪಿಡಿ
ಎರಡು ಅಕ್ಷರದ ಕೆಳಗೆ ಇನಿಷಿಯಲ್ಲನ್ನು ಪ್ರತ್ಯೇಕ ಸಾಲಾಗಿ ಹಾಕಿ (ಮೊದಲ ಸಾಲು ಡ್ಯೂಯಿ ವರ್ಗಾಂಕ, 894.8141 ಎಂದರೆ ಕನ್ನಡ ಕಾವ್ಯ): 894.8141 / ನರ / ಪುತಿ. ಇನ್ನೊಂದಕ್ಕೆ 894.8141 / ನರ / ಕೆಎಸ್. ಎಲ್ಲಕ್ಕೂ ಬೇಡ, ಒಂದೇ ವರ್ಗಾಂಕದಲ್ಲಿ ಡಿಕ್ಕಿ ಇರುವಲ್ಲಿ ಮಾತ್ರ. ಮಂಗರಾಜರಿಗೆ ಇದರ ಗೋಜೇ ಇಲ್ಲ: ಖಗೇಂದ್ರಮಣಿದರ್ಪಣ 615.9ರಲ್ಲಿ, ನಿಘಂಟು 494.8143ರಲ್ಲಿ, ಸೂಪಶಾಸ್ತ್ರ 641.5ರಲ್ಲಿ, ಕಾವ್ಯಗಳು 894.8141ರಲ್ಲಿ. ಕಪಾಟಿನಲ್ಲಿ ಅವರು ಎದುರಾಗುವುದೇ ಇಲ್ಲ, ಕ್ಯಾಟಲಾಗಿನಲ್ಲಿ ಮಾತ್ರ.

ಷಟ್ಪದಿ
ಖಗೇಂದ್ರಮಣಿದರ್ಪಣವನ್ನು ಕಾವ್ಯದ ಕಪಾಟಿನಲ್ಲೇ ಇಡಿ ಎನ್ನುವವರೂ ಇದ್ದಾರೆ, ಪದ್ಯದಲ್ಲಿದೆ ಎಂದು. ನನ್ನ ಮತ 615.9ಕ್ಕೇ. ಕಾವ್ಯ ಓದುವವರು ಹೇಗೂ ಹೆಸರು ಹಿಡಿದು ಹುಡುಕುತ್ತಾರೆ, ಆಯುರ್ವೇದದವರಿಗೆ ಅದು ಕಣ್ಣಿಗೆ ಬೀಳುವುದು ಅಲ್ಲಿಯೇ. 650ರಲ್ಲಿ ‘ಕನ್ನಡ ಶಾಸ್ತ್ರಕಾವ್ಯ’ ಎಂದು ಇನ್ನೊಂದು ವಿಷಯ ಶೀರ್ಷಿಕೆ ಸೇರಿಸಿದರೆ ಎರಡೂ ಕಡೆಯವರಿಗೆ ಸಿಗುತ್ತದೆ. ಸೂಪಶಾಸ್ತ್ರಕ್ಕೂ ಲೋಕೋಪಕಾರಕ್ಕೂ ಅದನ್ನೇ ಹಾಕಿ.